ಕಾರ್ಕಳ, ಉಡುಪಿ ಕಡೆಯ ಊರು, ಗದ್ದೆ, ಕಾಡುಗಳ ಬಗ್ಗೆ ಏನು ಓದಬೇಕು? ಗೊತ್ತಿದ್ದವರು ಹೇಳಿ

ಬೆಳ್ಮಣ್ಣು ಬದಿಯವಳು
ಎಲ್ಲರಿಗೂ ನಮಸ್ಕಾರ. ನನ್ನ ಮಗ ಆರನೇ ಕ್ಲಾಸು. ಶಾಲೆಯಲ್ಲಿ ‘ನಮ್ಮ ಊರು’ ಅಂತ ನಾಲ್ಕು ಪುಟ ಬರೆದು ತರಲು ಹೇಳಿದ್ದರು. ಹಂಪಿ ಬಗ್ಗೆ ಕೇಳಿದರೆ ಗಡಗಡ ಹೇಳುತ್ತಾನೆ. ನಮ್ಮ ಊರಿನ ಬಗ್ಗೆ ದೇವಸ್ಥಾನದ ಹೆಸರು, ಪಂಚಾಯತ್ ಹೆಸರು ಬರೆದು ಪೆನ್ನು ಕೆಳಗಿಟ್ಟ. ಹೇಳಿಕೊಡೋಣ ಅಂದರೆ ನನಗೂ ಅದಕ್ಕಿಂತ ಜಾಸ್ತಿ ಗೊತ್ತಿಲ್ಲ. ಮೂವತ್ತೆಂಟು ವರ್ಷ ಇದೇ ಮಣ್ಣಿನಲ್ಲಿ ಇದ್ದೇನೆ. ಬಹಳ ಬೇಸರವಾಯಿತು.

ಪೇಟೆಯಿಂದ ಒಂದು ಪುಸ್ತಕ ತಂದೆ. ಕೃಷ್ಣಮಠ, ಮಲ್ಪೆ ಬೀಚು, ಕಾರ್ಕಳದ ಗೊಮ್ಮಟ, ಎಲ್ಲಿ ಉಳಿಯಬಹುದು, ಏನು ತಿನ್ನಬಹುದು. ಅದು ಎರಡು ದಿನಕ್ಕೆ ಬಂದು ಹೋಗುವವರಿಗೆ ಬರೆದದ್ದು. ಇಲ್ಲೇ ಇರುವವರು ಓದುವಂಥದ್ದು ಬೇಕು. ಈ ಗದ್ದೆ ಯಾರು ಮಾಡಿದರು, ಈ ಪದವಿನಲ್ಲಿ (ಮುರಕಲ್ಲಿನ ಬೋಳು ಗುಡ್ಡೆಯಲ್ಲಿ) ಮಳೆಗಾಲಕ್ಕೆ ಏಳುವ ನೇರಳೆ ಹೂವು ಯಾವುದು, ನಮ್ಮ ಊರಿಗೆ ಈ ಹೆಸರು ಯಾಕೆ ಬಂತು, ಇಂಥದ್ದು.

ನಾವು ಐದು ತಾಯಂದಿರು ಸೇರಿ 10,000 ರೂಪಾಯಿ ಒಟ್ಟು ಮಾಡಿದ್ದೇವೆ. ಶಾಲೆಯಲ್ಲಿ ಒಂದು ಕಪಾಟು ಇಡುವ ಆಸೆ. ಕನ್ನಡದ್ದಾದರೆ ಒಳ್ಳೆಯದು. ಇತಿಹಾಸವೂ ಬೇಕು, ಗಿಡ ಮರ ಹಕ್ಕಿಯೂ ಬೇಕು.

ಹಳೇ ಪುಸ್ತಕ
ಬೆಳ್ಮಣ್ಣಿನವರು ಕೇಳುವ ಪ್ರಶ್ನೆಯಾ ಇದು! ಆಳುಪ ರಾಜ ಎರಡನೇ ಆಳುವರಸನ ತಾಮ್ರಪಟ ಸಿಕ್ಕಿದ್ದು ನಿಮ್ಮಲ್ಲೇ. 8ನೇ ಶತಮಾನದ್ದು. ಪೂರ್ತಿ ಕನ್ನಡದಲ್ಲಿರುವ ತಾಮ್ರಪಟಗಳಲ್ಲಿ ಅತಿ ಹಳೆಯದು ಅಂತ ಅದನ್ನು ಹೇಳುತ್ತಾರೆ. ಅದರ ಮೇಲೆ ಜೋಡಿ ಮೀನಿನ ಮುದ್ರೆ ಇದೆ, ಅದು ಆಳುಪರ ಲಾಂಛನ. ಮಗನ ನಾಲ್ಕು ಪುಟದಲ್ಲಿ ಒಂದು ಪುಟ ಇಲ್ಲೇ ಆಯಿತು.

ಪುಸ್ತಕಕ್ಕೆ ಬಂದರೆ, ಮೊದಲು ಗಣಪತಿ ರಾವ್ ಐಗಳರ ‘ದಕ್ಷಿಣ ಕನ್ನಡ ಜಿಲ್ಲೆಯ ಪ್ರಾಚೀನ ಇತಿಹಾಸ’. 1923ರದ್ದು. ಕನ್ನಡದಲ್ಲೇ ಬರೆದದ್ದು. ಈಗಿನ ಸಂಶೋಧನೆ ಅದರಲ್ಲಿ ಎಷ್ಟೋ ವಿಷಯ ತಿದ್ದಿದೆ, ಆದರೆ ಓದಲು ಖುಷಿ. ಆಮೇಲೆ ಪಿ. ಗುರುರಾಜ ಭಟ್ಟರ ದೊಡ್ಡ ಪುಸ್ತಕ, 1975ರದ್ದು, ಇಂಗ್ಲಿಷಿನಲ್ಲಿದೆ. ಕಲ್ಯಾಣಪುರದ ಮಿಲಾಗ್ರಿಸ್ ಕಾಲೇಜಿನಲ್ಲಿ ಇದ್ದವರು ಅವರು. ಹಳ್ಳಿ ಹಳ್ಳಿಯ ದೇವಸ್ಥಾನ, ವಿಗ್ರಹ, ಶಾಸನ ತಾವೇ ಹೋಗಿ ನೋಡಿ ಬರೆದವರು. ಅದಕ್ಕೂ ಮೊದಲು ಸಾಲೆತೊರೆಯವರದ್ದು 1936ರಲ್ಲಿ, ಕೆ. ವಿ. ರಮೇಶ್ ಅವರದ್ದು 1970ರಲ್ಲಿ ಬಂತು. ಈ ನಾಲ್ಕು ಜನ ಇಲ್ಲದಿದ್ದರೆ ನಮ್ಮ ಕಡೆಗೆ ಇತಿಹಾಸ ಅಂತ ಕಟ್ಟಿಕೊಟ್ಟದ್ದೇ ಇರುತ್ತಿರಲಿಲ್ಲ.

ಕುಡ್ಲದ ಓದುಗ
ಬ್ರಿಟಿಷರ ಕಾಲದ ಕಲೆಕ್ಟರ್ ಸ್ಟರಾಕ್ ಬರೆದ ಸೌತ್ ಕೆನರಾ ಮ್ಯಾನುಯಲ್, ಅಂದರೆ ಜಿಲ್ಲೆಯ ಕೈಪಿಡಿ, ಬಿಟ್ಟಿರಿ. ಮೊದಲ ಸಂಪುಟ 1894, ಎರಡನೆಯದು 1895ರಲ್ಲಿ ಸ್ಟುವರ್ಟ್ ಮುಗಿಸಿದ್ದು. ಅದಕ್ಕೂ ಹಿಂದಿನದ್ದು ಬುಕಾನನ್ ಎಂಬ ಬ್ರಿಟಿಷ್ ಅಧಿಕಾರಿಯ ಪ್ರವಾಸದ ಪುಸ್ತಕ. 1801ರಲ್ಲಿ ಅವನು ನಮ್ಮ ಊರುಗಳಲ್ಲಿ ಹಾದು ಹೋದ, ಪುಸ್ತಕ 1807ರಲ್ಲಿ ಬಂತು. ಎರಡೂ ಇಂಟರ್ನೆಟ್ಟಿನಲ್ಲಿ ಪುಕ್ಕಟೆ ಸಿಗುತ್ತವೆ.

ಬೈಲು, ಮಜಲು, ಬೆಟ್ಟು ಅಂತ ಗದ್ದೆಗಳನ್ನು ವಿಂಗಡಿಸುವುದು ನಮ್ಮ ಅಜ್ಜಂದಿರಿಗೆ ನಾಲಿಗೆ ತುದಿಯಲ್ಲಿತ್ತು. ನೀರು ನಿಲ್ಲುವ ತಗ್ಗಿನ ಬೈಲಿನಲ್ಲಿ ಏಣಿಲು, ಸುಗ್ಗಿ, ಕೊಳಕೆ ಮೂರೂ ಬೆಳೆ. ಮಜಲಿನಲ್ಲಿ ಎರಡು. ಬೆಟ್ಟು ಗದ್ದೆ ಮಳೆಯನ್ನೇ ನಂಬಿದ್ದು, ಒಂದೇ ಬೆಳೆ. ಇದನ್ನೆಲ್ಲ ಆಗಲೇ ಬರೆದಿಟ್ಟಿದ್ದಾರೆ. ಮೂಲಗೇಣಿ (ಕಾಯಂ ಗೇಣಿ), ಚಾಲಗೇಣಿ (ಕಾಯಂ ಅಲ್ಲದ ಗೇಣಿ) ಲೆಕ್ಕವೂ ಇದೆ. ಈಗ ಬೈಲಿನಲ್ಲಿ ಮಣ್ಣು ತುಂಬಿ ಮನೆ ಕಟ್ಟಿ, ಮಳೆಗಾಲದಲ್ಲಿ ನೀರು ನುಗ್ಗಿತು ಅನ್ನುತ್ತೇವೆ. ಹೆಸರಿನಲ್ಲೇ ಹೇಳಿತ್ತಲ್ವಾ, ಅದು ಬೈಲು ಅಂತ.

ಪೆರಂಪಳ್ಳಿ ರಿಕ್ಷಾ
ಆರನೇ ಕ್ಲಾಸಿನ ಹುಡುಗನಿಗೆ ಕಲೆಕ್ಟರ್ ಬರೆದ ಇಂಗ್ಲಿಷ್ ಪುಸ್ತಕವಾ? ಕಪಾಟು ಚೆಂದ ಕಾಣುತ್ತದೆ, ಯಾರೂ ಮುಟ್ಟುವುದಿಲ್ಲ.

ಕುಡ್ಲದ ಓದುಗ
ಹುಡುಗನಿಗೆ ಅಲ್ಲ, ಅವನ ಅಮ್ಮನಿಗೆ. ಓದಿ ಅವನಿಗೆ ಕಥೆಯಾಗಿ ಹೇಳಲಿ. ಎಚ್ಚರಿಕೆಯಿಂದ ಓದಬೇಕು ಅಂತ ಮಾತ್ರ ಹೇಳುತ್ತೇನೆ. ಕಂದಾಯ ಎಷ್ಟು ಬರುತ್ತದೆ ಅಂತ ನೋಡಲು ಬಂದವರ ಕಣ್ಣು ಅದು. ಭೂತಾರಾಧನೆಯನ್ನು ಆ ಕಾಲದ ಬಿಳಿಯರು ಏನಂತ ಕರೆದರು ಅನ್ನುವುದು ನೋಡಿದರೆ ಸಿಟ್ಟು ಬರುತ್ತದೆ. ಬರ್ನೆಲ್ ಎಂಬ ಬ್ರಿಟಿಷ್ ಅಧಿಕಾರಿ ಪಾಡ್ದನಗಳನ್ನು (ತುಳುವಿನ ಕಥನ ಹಾಡುಗಳನ್ನು) ಸಂಗ್ರಹಿಸಿ ದೊಡ್ಡ ಉಪಕಾರ ಮಾಡಿದ, ಆದರೆ ಅದಕ್ಕೆ ಇಟ್ಟ ಹೆಸರು ‘ತುಳುವರ ಪಿಶಾಚಿ ಪೂಜೆ’.

ಕೋಟದ ಕಡೆಯವ
ಒಂದು ವಿಷಯ ಹೇಳಲೇಬೇಕು. ಉಡುಪಿ ಜಿಲ್ಲೆ ಅಂದ ಕೂಡಲೇ ಎಲ್ಲರೂ ತುಳುನಾಡಿನ ಪುಸ್ತಕ ತೆಗೆಯುತ್ತೀರಿ. ಸೀತಾನದಿ ದಾಟಿದ ಮೇಲೆ ನಾವೂ ಇದ್ದೇವೆ. ನಮ್ಮ ಮನೆಮಾತು ಕುಂದಾಪುರ ಕನ್ನಡ. ಬಸ್ರೂರು ಎಂಥ ಬಂದರು! 1665ರಲ್ಲಿ ಶಿವಾಜಿ ಹಡಗಿನಲ್ಲಿ ಬಂದು ದೋಚಿದ್ದು ಅಲ್ಲಿ ಸಂಪತ್ತು ಇತ್ತು ಅಂತಲೇ ಅಲ್ವಾ? ಈಗ ಹೋಗಿ ನೋಡಿ, ಮಕ್ಕಳಿಗೆ ಅದು ಬಸ್ ನಿಲ್ಲುವ ಒಂದು ಊರು. ಬೈಂದೂರು ಕಡೆ ಅವಲಕ್ಕಿ ಪಾರೆಯಲ್ಲಿ ಬಂಡೆ ಮೇಲೆ ಆದಿಮಾನವರು ಕೆತ್ತಿದ ಚಿತ್ರಗಳಿವೆ. ಐದು ಹೊಳೆ ಸೇರುವ ಗಂಗೊಳ್ಳಿ ಇದೆ. ನಿಮ್ಮ ಪಟ್ಟಿಯಲ್ಲಿ ನಾವು ಎಲ್ಲಿ?

ಹಳೇ ಪುಸ್ತಕ
ಕೋಟದವರೇ, ನೀವು ಹೇಳಿದ್ದು ನ್ಯಾಯ. ಆದರೆ ಇವರು ಬೆಳ್ಮಣ್ಣಿನವರು, ಅವರ ಊರಿನಿಂದ ಶುರು ಮಾಡಿದೆ. ಗುರುರಾಜ ಭಟ್ಟರ ಪುಸ್ತಕದಲ್ಲಿ ಬಾರಕೂರು, ಬಸ್ರೂರು ಎರಡೂ ಬರುತ್ತವೆ.

ಕೋಟದ ಕಡೆಯವ
ಬರುತ್ತವೆ, ನಿಜ. ನಮ್ಮ ಭಾಷೆಯಲ್ಲಿ, ನಮ್ಮ ಮನೆಯ ಕಡೆಯಿಂದ ನಿಂತು ನೋಡಿ ಬರೆದದ್ದು ಕಮ್ಮಿ ಅಂತ ನನ್ನ ನೋವು. ಕಾರಂತರು ಹುಟ್ಟಿದ್ದು ನಮ್ಮ ಕೋಟದಲ್ಲಿ, 1902ರಲ್ಲಿ. ಅವರ ಕಾದಂಬರಿ ಬಿಟ್ಟರೆ ನಾನು ಮಗಳಿಗೆ ತೋರಿಸುವಂಥದ್ದು ಏನೂ ಇಲ್ಲ.

ನಿವೃತ್ತ ಮೇಷ್ಟ್ರು
ಮೂವತ್ತನಾಲ್ಕು ವರ್ಷ ಹಳ್ಳಿ ಶಾಲೆಗಳಲ್ಲಿ ಪಾಠ ಮಾಡಿದವನು ನಾನು. ಇಲ್ಲಿ ಯಾರೂ ಹೇಳದ ಒಂದು ಪುಸ್ತಕ ಇದೆ. ಅಂಗಡಿಯಲ್ಲಿ ಸಿಗುವುದಿಲ್ಲ. ಅದು ಸ್ಮರಣ ಸಂಚಿಕೆ.

ನಮ್ಮ ಜಿಲ್ಲೆಯಲ್ಲಿ ಬ್ರಹ್ಮಕಲಶೋತ್ಸವಕ್ಕೆ ಒಂದು ಸಂಚಿಕೆ, ಶಾಲೆಯ ಶತಮಾನೋತ್ಸವಕ್ಕೆ ಒಂದು, ಹಾಲಿನ ಸೊಸೈಟಿಯ ಬೆಳ್ಳಿಹಬ್ಬಕ್ಕೆ ಒಂದು, ಇಗರ್ಜಿಯ ಜುಬಿಲಿಗೆ ಒಂದು, ಯುವಕ ಮಂಡಲಕ್ಕೆ ಒಂದು. ಸುಣ್ಣ ಬಳಿಯುವಾಗ ಇವೆಲ್ಲ ಅಟ್ಟಕ್ಕೆ ಹೋಗುತ್ತವೆ, ಅಲ್ಲಿಂದ ಗುಜರಿಗೆ. ನಾನು 1980ರಿಂದ ಕೂಡಿಡುತ್ತಾ ಬಂದೆ. ಈಗ ನನ್ನ ಹತ್ತಿರ ನೂರ ಅರವತ್ತಕ್ಕಿಂತ ಜಾಸ್ತಿ ಇವೆ.

ಒಂದು ಶಾಲೆಯ ಸಂಚಿಕೆಯಲ್ಲಿ ಒಬ್ಬ ಹಳೇ ವಿದ್ಯಾರ್ಥಿ ಎರಡು ಪುಟ ಬರೆದಿದ್ದಾರೆ. 1923ರ ಮಹಾನೆರೆಯ ಬಗ್ಗೆ ಅವರ ಅಜ್ಜಿ ಹೇಳಿದ್ದು. ನಾವು ‘ಮಾರಿಬೊಳ್ಳ’ ಅನ್ನುತ್ತೇವಲ್ಲ, ಅದು. ನೀರು ಯಾವ ಹಲಸಿನ ಮರದ ಯಾವ ಕೊಂಬೆಯವರೆಗೆ ಬಂತು, ದನಗಳನ್ನು ಯಾವ ಗುಡ್ಡೆಗೆ ಹತ್ತಿಸಿದರು, ಆಮೇಲೆ ಎಷ್ಟು ದಿನ ಏನು ತಿಂದರು. ಇದು ಯಾವ ಮ್ಯಾನುಯಲ್ಲಿನಲ್ಲಿ ಸಿಗುತ್ತದೆ? ಐಗಳರ ಪುಸ್ತಕ ಬಂದ ವರ್ಷವೂ 1923. ಒಂದು ಕಡೆ ರಾಜರ ಇತಿಹಾಸ ಅಚ್ಚಾಗುತ್ತಿತ್ತು, ಇನ್ನೊಂದು ಕಡೆ ಜನರ ಮನೆ ಕೊಚ್ಚಿ ಹೋಗುತ್ತಿತ್ತು. ಎರಡನ್ನೂ ಮಕ್ಕಳು ಓದಬೇಕು.

ತಂಗಿ, ನಿಮ್ಮ ಶಾಲೆಯ ಸಂಚಿಕೆ ಬಂದಿದೆಯಾ ಅಂತ ಮೊದಲು ಕೇಳಿ.

ಶಾಸನ ಓದುವವನು
ಮೇಷ್ಟ್ರ ಮೇಲೆ ಗೌರವ ಇಟ್ಟುಕೊಂಡೇ ಹೇಳುತ್ತೇನೆ. ಸ್ಮರಣ ಸಂಚಿಕೆಯನ್ನು ಇತಿಹಾಸ ಅಂತ ಮಕ್ಕಳ ಕೈಗೆ ಕೊಡಬೇಡಿ. ಹತ್ತು ದೇವಸ್ಥಾನದ ಸಂಚಿಕೆ ತೆಗೆಯಿರಿ. ಹತ್ತರಲ್ಲೂ ದೇವರನ್ನು ಒಬ್ಬ ಋಷಿ ಪ್ರತಿಷ್ಠೆ ಮಾಡಿರುತ್ತಾನೆ, ದೇವಸ್ಥಾನಕ್ಕೆ ಸಾವಿರ ವರ್ಷ ದಾಟಿರುತ್ತದೆ. ಅಂಗಳದಲ್ಲಿ ಒಂದು ಶಾಸನ ಬಿದ್ದಿರುತ್ತದೆ, ಅದನ್ನು ಓದಿಸಿದವರು ಯಾರೂ ಇರುವುದಿಲ್ಲ. ಒಂದು ಕಡೆ ಅದರ ಮೇಲೆ ಬಟ್ಟೆ ಒಗೆಯುತ್ತಿದ್ದದ್ದನ್ನು ನಾನೇ ನೋಡಿದ್ದೇನೆ.

ಭೂತಾಳಪಾಂಡ್ಯ ಅಂತ ಜನ ಹೇಳುವ ರಾಜನ ವಿಷಯ ಇನ್ನೊಂದು. ಅಳಿಯಕಟ್ಟು (ಆಸ್ತಿ ತಾಯಿಯ ಕಡೆಯಿಂದ ಹೋಗುವ ಪದ್ಧತಿ) ಅವನೇ ತಂದದ್ದು ಅಂತ ಪ್ರತಿ ಸಂಚಿಕೆಯಲ್ಲೂ ಬರೆಯುತ್ತಾರೆ, ಇಸವಿ ಸಮೇತ. ಅಂಥ ರಾಜನೊಬ್ಬ ಇದ್ದ ಅನ್ನುವುದಕ್ಕೆ ಶಾಸನದ ಆಧಾರ ಇಲ್ಲ. ಅವನ ಹೆಸರಿನ ಕಟ್ಟುಕಟ್ಟಲೆ ಈಚಿನ ಸೃಷ್ಟಿ ಅಂತ ಬ್ರಿಟಿಷರ ಕಾಲದಲ್ಲೇ ಹೇಳಿದ್ದಾರೆ.

ಬಾರಕೂರು ಕೋಟೆಬದಿ
ಶಾಸನದಲ್ಲಿ ಇಲ್ಲದ್ದೆಲ್ಲ ಸುಳ್ಳಾ? ನಮ್ಮ ಹಿರಿಯರು ತಲೆತಲಾಂತರದಿಂದ ಹೇಳಿಕೊಂಡು ಬಂದದ್ದು.

ಶಾಸನ ಓದುವವನು
ಸುಳ್ಳು ಅಂತ ನಾನು ಹೇಳಲಿಲ್ಲ. ಐತಿಹ್ಯ ಅಂತ ಬರೆಯಿರಿ, ಇಸವಿ ಹಾಕಬೇಡಿ. ಅಳಿಯಕಟ್ಟು ನಿಜ, ಅದನ್ನು ನಡೆಸಿದ ಮನೆಗಳು ನಿಜ. ರಾಜನ ಕಥೆ ಬೇರೆ. ಬಾರಕೂರಿಗೆ ಕಥೆಯ ಆಸರೆ ಬೇಕಾಗಿಯೇ ಇಲ್ಲ. ಆಳುಪರ ರಾಜಧಾನಿ ಅದು. 14ನೇ ಶತಮಾನದಲ್ಲಿ ಪ್ರವಾಸಿ ಇಬ್ನ್ ಬತೂತಾ ಬಂದು ನೋಡಿ ಬರೆದ ಊರು. ನಿಮ್ಮ ಕತ್ತಲೆ ಬಸದಿಯ ಕಲ್ಲುಗಳನ್ನು ಒಮ್ಮೆ ಸುಮ್ನೆ ಕೂತು ನೋಡಿ, ಸಾಕು.

ನಿವೃತ್ತ ಮೇಷ್ಟ್ರು
ಶಾಸನದವರು ಹೇಳಿದ್ದನ್ನು ಒಪ್ಪುತ್ತೇನೆ. ನಾನು ಸಂಚಿಕೆಯ ಮೊದಲ ಲೇಖನ ಓದುವುದಿಲ್ಲ. ಕೊನೆಯ ಪುಟಗಳನ್ನು ಓದುತ್ತೇನೆ. ಜಾಹೀರಾತು ನೋಡಿ. ಯಾವ ಪೇಟೆಯಲ್ಲಿ ಯಾವ ಜವಳಿ ಅಂಗಡಿ ಇತ್ತು, ಯಾವ ಹಂಚಿನ ಕಾರ್ಖಾನೆ ಇತ್ತು, ಯಾವ ಬಸ್ಸು ಎಷ್ಟು ಗಂಟೆಗೆ ಎಲ್ಲಿಂದ ಎಲ್ಲಿಗೆ ಹೋಗುತ್ತಿತ್ತು, ಎಲ್ಲ ಇದೆ. ಮಂಗಳೂರಿನಲ್ಲಿ ಬಾಸೆಲ್ ಮಿಷನ್ನಿನ ಪಾದ್ರಿಗಳು ಹಂಚಿನ ಕಾರ್ಖಾನೆ ಶುರು ಮಾಡಿದ್ದು 1865ರಲ್ಲಿ ಅಂತ ಪುಸ್ತಕ ಹೇಳುತ್ತದೆ. ಆ ಹಂಚು ನಮ್ಮ ಹಳ್ಳಿಯ ಮುಳಿಹುಲ್ಲಿನ ಮಾಡಿಗೆ ಯಾವಾಗ ಬಂತು? ಅದಕ್ಕೆ ಸಂಚಿಕೆಯೇ ಬೇಕು. ಒಂದರಲ್ಲಿ ನಮ್ಮ ಶಾಲೆಗೆ ಹಂಚು ಹಾಕಿದ ವರ್ಷ, ಯಾರು ಎಷ್ಟು ಸಾವಿರ ಹಂಚು ಕೊಟ್ಟರು ಅಂತ ಪಟ್ಟಿಯೇ ಇದೆ.

ಗೇಣಿ ಒಕ್ಕಲು
ಪಟ್ಟಿಯಲ್ಲಿ ಹಂಚು ಕೊಟ್ಟವರ ಹೆಸರಿದೆ. ಹೊತ್ತವರ ಹೆಸರು ಇದೆಯಾ ಮೇಷ್ಟ್ರೇ?

ನನ್ನ ಅಜ್ಜ ಒಕ್ಕಲು. 1974ರ ಭೂಸುಧಾರಣೆ ಕಾನೂನು ಬಂದ ಮೇಲೆ ಡಿಕ್ಲರೇಷನ್ ಹಾಕಿ ಗದ್ದೆ ನಮ್ಮದಾಯಿತು. ನಮ್ಮ ಊರಿನ ಇತಿಹಾಸದಲ್ಲಿ ಅದಕ್ಕಿಂತ ದೊಡ್ಡ ಘಟನೆ ಇಲ್ಲ. ನಮ್ಮ ದೇವಸ್ಥಾನದ ಸಂಚಿಕೆಯಲ್ಲಿ ಅದರ ಬಗ್ಗೆ ಒಂದು ಸಾಲೂ ಇಲ್ಲ. ಗುತ್ತಿನ ಮನೆಗಳ, ಅಂದರೆ ಊರಿನ ದೊಡ್ಡ ಜಮೀನು ಮನೆತನಗಳ, ಚರಿತ್ರೆ ಹದಿನೆಂಟು ಪುಟ. ಇಲ್ಲಿನ ಆದಿವಾಸಿಗಳಾದ ಕೊರಗರ ಬಗ್ಗೆ ಏನಿದೆ? ಡೋಲು ಬಾರಿಸಿದ ಫೋಟೋ ಒಂದು, ಕೆಳಗೆ ಹೆಸರಿಲ್ಲ.

ನೀವು ಕಪಾಟು ಮಾಡುತ್ತೀರಿ ಅಂದರೆ ‘ಚೋಮನ ದುಡಿ’ ಇಡಿ. 1933ರದ್ದು. ಕಾದಂಬರಿ ಇರಬಹುದು. ಒಂದು ತುಂಡು ಗದ್ದೆ ಬೇಕು ಅಂತ ಒಬ್ಬ ಮನುಷ್ಯ ಹೇಗೆ ಆಸೆಪಟ್ಟ ಅನ್ನುವುದು ಅದರಲ್ಲಿದೆ. ಮತ್ತೆ ವಿವೇಕ ರೈಗಳ ‘ತುಳು ಜನಪದ ಸಾಹಿತ್ಯ’, 1985. ಓದು ಬರಹ ಕೊಡದವರು ತಮ್ಮ ಇತಿಹಾಸವನ್ನು ಪಾಡ್ದನದಲ್ಲಿ ಇಟ್ಟುಕೊಂಡರು. ನನ್ನ ಅಜ್ಜಿ ನೇಜಿ ನೆಡುವಾಗ ‘ಓಬೇಲೆ’ ಹೇಳುತ್ತಿದ್ದಳು. ಅವಳಿಗೆ ಸಹಿ ಬರುತ್ತಿರಲಿಲ್ಲ, ಎರಡು ಗಂಟೆ ನಿಲ್ಲಿಸದೆ ಹಾಡಲು ಬರುತ್ತಿತ್ತು.

ನಿವೃತ್ತ ಮೇಷ್ಟ್ರು
ಇಲ್ಲ. ಹೊತ್ತವರ ಹೆಸರು ಇಲ್ಲ. ನೀವು ಕೇಳಿದ್ದು ಸರಿ.

ಆಟಿ ಅಮಾವಾಸ್ಯೆ
ಎಲ್ಲರೂ ಇತಿಹಾಸ ಹಿಡಿದುಕೊಂಡಿರಿ. ಅವರು ಗಿಡ ಮರವೂ ಕೇಳಿದ್ದಾರೆ. ನನಗೆ ಅದೇ ಮುಖ್ಯ. ಯಾಕೆ ಅಂತ ಹೇಳುತ್ತೇನೆ.

ಆಟಿ ಅಮಾವಾಸ್ಯೆಗೆ ಪಾಲೆ ಕೆತ್ತೆಯ ಕಷಾಯ ಕುಡಿಯುತ್ತೇವಲ್ಲ. ಬೆಳಕು ಹರಿಯುವ ಮೊದಲು ಹೋಗಿ, ಕತ್ತಿ ಮುಟ್ಟಿಸದೆ ಕಲ್ಲಿನಿಂದ ಜಜ್ಜಿ ತೊಗಟೆ ತರಬೇಕು ಅಂತ ಪದ್ಧತಿ. ಕೆಲವು ವರ್ಷದ ಹಿಂದೆ ನಮ್ಮ ಮನೆಯಲ್ಲಿ ಅಪ್ಪನಿಗೆ ಹುಷಾರಿಲ್ಲ ಅಂತ ಬೆಂಗಳೂರಿನಿಂದ ಬಂದ ನನ್ನ ಅಣ್ಣ ಹೋದ. ಕತ್ತಲು, ಮಳೆ. ತಂದು ಜಗಲಿಯಲ್ಲಿ ಇಟ್ಟ. ಅಮ್ಮ ತೊಗಟೆ ಎತ್ತಿ ನೋಡಿ, ಮೂಸಿ, ಒಂದು ಮಾತೂ ಆಡದೆ ಹಿತ್ತಿಲಿನ ಗುಂಡಿಗೆ ಎಸೆದಳು. ಅದು ಕಾಸರ್ಕನ ತೊಗಟೆ. ಸ್ಟ್ರಿಕ್ನಿನ್ ಎಂಬ ವಿಷ ಇರುವ ಮರ. ಕುಡಿದಿದ್ದರೆ ನಮ್ಮ ಮನೆಯಲ್ಲಿ ಎಷ್ಟು ಜನ ಉಳಿಯುತ್ತಿದ್ದೆವೋ.

ಅಮ್ಮನಿಗೆ ಗೊತ್ತಿತ್ತು. ನನಗೆ ಗೊತ್ತಿರಲಿಲ್ಲ. ನನ್ನ ಮಕ್ಕಳಿಗೆ ಪಾಲೆ ಅಂದರೆ ಏನು ಅಂತಲೇ ಗೊತ್ತಿಲ್ಲ. ಬಣ್ಣದ ಚಿತ್ರ ಇರುವ, ನಮ್ಮ ಹೆಸರುಗಳು ಇರುವ ಒಂದು ಕನ್ನಡ ಪುಸ್ತಕ ಬೇಕು. ಅದು ಜೀವ ಉಳಿಸುವ ಪುಸ್ತಕ.

ಗಿಡದ ಮೇಡಂ
ಮೈ ಜುಮ್ಮೆಂದಿತು. ಎಲ್ಲರೂ ಇದನ್ನು ನೆನಪಿಡಿ. ಪಾಲೆಗೆ ಗಾಯ ಮಾಡಿದರೆ ಬಿಳಿ ಹಾಲು ಬರುತ್ತದೆ. ಕಾಸರ್ಕಕ್ಕೆ ಬರುವುದಿಲ್ಲ. ಪಾಲೆಯ ಎಲೆಗಳು ಒಂದೇ ಗಂಟಿನಿಂದ ಸುತ್ತಲೂ ಐದೋ ಆರೋ ಏಳೋ ಕೊಡೆಯ ಹಾಗೆ ಹರಡಿರುತ್ತವೆ. ಅದಕ್ಕೇ ಏಳೆಲೆ ಹಾಲೆ ಅನ್ನುವುದು. ಕಾಸರ್ಕದಲ್ಲಿ ಎಲೆ ಎದುರು ಬದುರು ಎರಡೆರಡು, ಹೊಳಪು ಜಾಸ್ತಿ, ಕಾಯಿ ಹಣ್ಣಾದರೆ ಕಿತ್ತಳೆ ಬಣ್ಣದ ಚೆಂಡು. ಆದರೂ ಗೊತ್ತಿಲ್ಲದವರು ಕತ್ತಲಲ್ಲಿ ಹೋಗಲೇಬೇಡಿ. ಹಿರಿಯರು ಹಿಂದಿನ ದಿನ ಹಗಲಲ್ಲೇ ಹೋಗಿ ಮರಕ್ಕೆ ಗುರುತು ಕಟ್ಟಿ ಬರುತ್ತಿದ್ದರು. ಆ ಅರ್ಧ ಪದ್ಧತಿ ಬಿಟ್ಟು ಉಳಿದರ್ಧ ಇಟ್ಟುಕೊಂಡದ್ದು ನಮ್ಮ ತಪ್ಪು.

ಪುಸ್ತಕ ಇದೆ. ಡಾ. ಕೆ. ಗೋಪಾಲಕೃಷ್ಣ ಭಟ್ಟರ ‘ಫ್ಲೋರಾ ಆಫ್ ಉಡುಪಿ’, 2003. ಆಮೇಲೆ 2014ರಲ್ಲಿ ‘ಫ್ಲೋರಾ ಆಫ್ ಸೌತ್ ಕೆನರಾ’. ಉಡುಪಿಯ ಪೂರ್ಣಪ್ರಜ್ಞ ಕಾಲೇಜಿನಲ್ಲಿ ಪಾಠ ಮಾಡಿದವರು. ಕಾಡು, ಗುಡ್ಡೆ, ಕಡಲ ದಂಡೆ ತಿರುಗಿ ಮಾಡಿದ ಕೆಲಸ. ನನ್ನ ಪಾಲಿಗೆ ಈ ಜಿಲ್ಲೆಯ ಬಗ್ಗೆ ಬಂದ ಅತಿ ದೊಡ್ಡ ಪುಸ್ತಕ ಅದೇ. ಆದರೆ ಸಸ್ಯಶಾಸ್ತ್ರ ಗೊತ್ತಿದ್ದವರಿಗೆ, ಇಂಗ್ಲಿಷಿನಲ್ಲಿ. ಅದನ್ನು ಮಕ್ಕಳ ಕನ್ನಡಕ್ಕೆ ಇಳಿಸುವ ಕೆಲಸ ಯಾರಾದರೂ ಮಾಡಬೇಕು.

ಮೊದಲ ಪೋಸ್ಟಿನಲ್ಲಿ ಕೇಳಿದ ಪದವಿನ ನೇರಳೆ ಹೂವು ಬಹುಶಃ ಯುಟ್ರಿಕ್ಯುಲೇರಿಯಾ. ಮುರಕಲ್ಲಿನ ಮೇಲೆ ಒಂದು ಬೆರಳು ಮಣ್ಣು, ನೀರು ನಿಂತಲ್ಲಿ ಹಾಸಿಗೆಯ ಹಾಗೆ ಬರುತ್ತದೆ ಅಲ್ವಾ? ಅದು ಕೀಟ ತಿನ್ನುವ ಗಿಡ! ಬುಡದಲ್ಲಿ ಕಣ್ಣಿಗೆ ಕಾಣುವುದೂ ಕಷ್ಟ ಅನ್ನುವಷ್ಟು ಸಣ್ಣ ಚೀಲಗಳಿವೆ, ನೀರಿನ ಜೀವಿಗಳನ್ನು ಅದರಲ್ಲಿ ಹಿಡಿಯುತ್ತದೆ. ಮುರಕಲ್ಲಿನಲ್ಲಿ ಗಿಡಕ್ಕೆ ಆಹಾರ ಕಮ್ಮಿ, ಅದಕ್ಕೆ ಈ ದಾರಿ ಹಿಡಿದಿದೆ. ಮಗನಿಗೆ ಹೇಳಿ.

ಬೆಳ್ಮಣ್ಣು ಬದಿಯವಳು
ಹೇಳಿದೆ! ‘ಕೀಟ ತಿನ್ನುವ ಹೂವು ನಮ್ಮ ಶಾಲೆ ಹಿಂದೆ ಇದೆಯಾ’ ಅಂತ ಕೂಗಿಕೊಂಡು ಓಡಿ ಹೋಗಿ ಪಕ್ಕದ ಮನೆ ಹುಡುಗಿಗೂ ಹೇಳಿ ಬಂದ.

ಕಲ್ಲಿನ ಕೋರೆ
ಬೇಗ ತೋರಿಸಿ. ಆ ಪದವಿನಲ್ಲಿ ಇನ್ನೂ ಕಲ್ಲು ತೆಗೆಯಲು ಶುರು ಮಾಡದಿದ್ದರೆ. ನಮ್ಮ ಬದಿಯಲ್ಲಿ ಈಗ ಬರೀ ಹೊಂಡ.

ಮೀನುಪೇಟೆ ಅಕ್ಕ
ಮೀನಿನ ಪುಸ್ತಕ ಯಾರೂ ಹೇಳಲಿಲ್ಲ. ಬೂತಾಯಿ, ಬಂಗುಡೆ, ಕಾಣೆ, ನಂಗು, ಕೊಡ್ಡಾಯಿ. ಈಗಿನ ಮಕ್ಕಳಿಗೆ ಫ್ರೈ ಆದ ಮೇಲೆ ಎರಡು ಹೆಸರು ಗೊತ್ತು.

ಕೋಟದ ಕಡೆಯವ
ಬೂತಾಯಿ ಅಲ್ಲ, ಬೈಗೆ. ನಮ್ಮಲ್ಲಿ ಬೈಗೆ.

ಮೀನುಪೇಟೆ ಅಕ್ಕ
ಒಂದೇ ಮೀನು, ಎರಡು ಹೆಸರು. ಎರಡನ್ನೂ ಬರೆದಿಡಿ ಅಂತಲೇ ನಾನು ಹೇಳುವುದು. ಮೊದಲ ಮಳೆಗೆ ಹೊಳೆಯಿಂದ ಗದ್ದೆಗೆ ಹತ್ತುವ ಉಬರ್ ಮೀನಿನ ಹೆಸರುಗಳು ಇನ್ನೂ ಬೇಗ ಹೋಗುತ್ತಿವೆ. ಗದ್ದೆಯೇ ಹೋದರೆ ಮೀನು ಎಲ್ಲಿಗೆ ಹತ್ತಬೇಕು?

ಗಿಡದ ಮೇಡಂ
ಅಕ್ಕ, ನಿಮಗೆ ಬೇಕಾದ ಪುಸ್ತಕ ಒಂದು ನಿಘಂಟು. ಉಡುಪಿಯ ಗೋವಿಂದ ಪೈ ಸಂಶೋಧನ ಕೇಂದ್ರದವರ ತುಳು ನಿಘಂಟು. 6 ಸಂಪುಟ, 1988ರಿಂದ 1997ರವರೆಗೆ ಬಂತು, ಯು. ಪಿ. ಉಪಾಧ್ಯಾಯರ ಮುಂದಾಳುತನದಲ್ಲಿ. ನಿಘಂಟು ಅಂತ ಜನ ತೆರೆಯುವುದಿಲ್ಲ. ನಾನು ಅದನ್ನು ಪ್ರಕೃತಿ ಪುಸ್ತಕವಾಗಿ ಓದುತ್ತೇನೆ. ಮರ, ಮೀನು, ಹಾವು, ಭತ್ತದ ತಳಿ, ನೇಗಿಲಿನ ಭಾಗ, ಎಲ್ಲದರ ಹೆಸರು ಇದೆ. ಅರ್ಥ ಕನ್ನಡದಲ್ಲೂ ಇದೆ. ಅದಕ್ಕಿಂತ ನೂರು ವರ್ಷ ಮೊದಲು, 1886ರಲ್ಲಿ, ಮ್ಯಾನರ್ ಎಂಬ ಪಾದ್ರಿ ಮಾಡಿದ ತುಳು ನಿಘಂಟೂ ಇದೆ. ಎರಡನ್ನೂ ಪಕ್ಕದಲ್ಲಿಟ್ಟು ನೋಡಿದರೆ ಯಾವ ಮಾತು ಬಳಕೆ ತಪ್ಪಿತು ಅಂತ ಕಾಣುತ್ತದೆ.

ಪೆರಂಪಳ್ಳಿ ರಿಕ್ಷಾ
6 ಸಂಪುಟಕ್ಕೆ ಅವರ 10,000ದಲ್ಲಿ ಎಷ್ಟು ಉಳಿಯುತ್ತದೆ?

ಕಪ್ಪೆ ಹುಡುಗ
ಮಂಗಳೂರಿನ ಹೆಸರಿನ ಕಪ್ಪೆ ಇದೆ, ಯಾರಿಗಾದರೂ ಗೊತ್ತಾ? ಮೈಕ್ರೋಹೈಲಾ ಕೊಡಿಯಾಲ್. ಕೊಡಿಯಾಲ ಅಂದರೆ ಕೊಂಕಣಿಯಲ್ಲಿ ಮಂಗಳೂರು. 2018ರಲ್ಲಿ ವಿಜ್ಞಾನಿಗಳು ಹೆಸರಿಟ್ಟರು. ಸಿಕ್ಕಿದ್ದು ಕುದುರೆಮುಖ ಕಾಡಿನಲ್ಲಿ ಅಲ್ಲ, ಮಂಗಳೂರಿನ ಕಾರ್ಖಾನೆಗಳ ಮಧ್ಯೆ! ಅದಕ್ಕೂ ಮೊದಲು 2009ರಲ್ಲಿ ಇನ್ನೊಂದು ಕಪ್ಪೆಗೆ ಅಲೋಶಿಯಸ್ ಕಾಲೇಜಿನ ಹೆಸರಿಟ್ಟಿದ್ದಾರೆ. ಹಿತ್ತಿಲಲ್ಲಿ ಕೂಗುವ ಕಪ್ಪೆಯೂ ಯಾರೂ ನೋಡದ ಕಪ್ಪೆ ಆಗಿರಬಹುದು. ನಾನು ಪ್ರತಿ ಜೂನ್ ತಿಂಗಳಲ್ಲಿ ಟಾರ್ಚ್ ಹಿಡಿದು ಗದ್ದೆ ಬದಿಗೆ ಹೋಗುತ್ತೇನೆ. ಹಕ್ಕಿಗಾದರೆ ತೇಜಸ್ವಿಯವರ ‘ಕನ್ನಡ ನಾಡಿನ ಹಕ್ಕಿಗಳು’ ಇದೆ, ಕಪಾಟಿಗೆ ಅದನ್ನು ಇಡಿ. ಕರಾವಳಿಯ ಕಪ್ಪೆಗೆ ಕನ್ನಡದಲ್ಲಿ ಅಂಥ ಪುಸ್ತಕ ಬಂದರೆ ಮೊದಲ ಪ್ರತಿ ನಾನು ತೆಗೆದುಕೊಳ್ಳುತ್ತೇನೆ.

ಬಂಟ್ವಾಳ ತೋಟ
ನೀರಿನ ವಿಷಯಕ್ಕೆ ಪುತ್ತೂರಿನ ‘ಅಡಿಕೆ ಪತ್ರಿಕೆ’ಯ ಹಳೇ ಸಂಚಿಕೆ ಹುಡುಕಿ. ಸುರಂಗ, ಮದಕ (ಮಳೆನೀರು ನಿಲ್ಲಿಸುವ ಕೆರೆ), ಕಟ್ಟ (ತೋಡಿಗೆ ಹಾಕುವ ಅಡ್ಡಗಟ್ಟೆ), ಇವುಗಳ ಬಗ್ಗೆ ಶ್ರೀಪಡ್ರೆಯವರು ಬರೆದಷ್ಟು ಬೇರೆ ಯಾರೂ ಬರೆದಿಲ್ಲ. ಕೇಪು, ಅಡ್ಯನಡ್ಕ, ಮಾಣಿಲ ಕಡೆ ಗುಡ್ಡೆಗೆ ಅಡ್ಡಕ್ಕೆ ಕೊರೆದ ಸುರಂಗದಲ್ಲಿ ಬೇಸಿಗೆಯಲ್ಲೂ ಪಂಪು ಇಲ್ಲದೆ ನೀರು ಬರುತ್ತದೆ. ಒಬ್ಬರೇ ಗುಡ್ಡೆ ಕೊರೆದು ನೀರು ತಂದ ಅಮೈ ಮಹಾಲಿಂಗ ನಾಯ್ಕರಿಗೆ 2022ರಲ್ಲಿ ಪದ್ಮಶ್ರೀ ಬಂತು. ನಮ್ಮ ತೋಟದ ಸುರಂಗ ನನ್ನ ಅಜ್ಜನ ಕಾಲದ್ದು. ಒಳಗೆ ಹೋದರೆ ಈಗಲೂ ಗುದ್ದಲಿಯ ಗುರುತು ಗೋಡೆಯಲ್ಲಿ ಕಾಣುತ್ತದೆ. ಅದೂ ಶಾಸನವೇ ಅಲ್ವಾ?

ಶಾಸನ ಓದುವವನು
ಖಂಡಿತ. ಓದಲು ನಿಮ್ಮಂಥವರು ಬೇಕು.

ನಾಗಬನದ ಬದಿ
ನಮ್ಮ ಕುಟುಂಬದ ನಾಗಬನದಲ್ಲಿ ಹಿಂದೆ ಹಗಲಲ್ಲೂ ಕತ್ತಲೆ. ಈಗ ಗ್ರಾನೈಟ್ ಕಟ್ಟೆ, ಶೀಟಿನ ಮಾಡು, ಸುತ್ತ ಇಂಟರ್‌ಲಾಕ್. ನಾಲ್ಕು ಮರ ಉಳಿದಿವೆ. ಬನ ಅಂದರೆ ಕಾಡು. ಕಾಡು ತೆಗೆದ ಮೇಲೆ ಬನ ಎಲ್ಲಿ? ಜೀರ್ಣೋದ್ಧಾರದ ದಿನ ನಾನು ಒಬ್ಬಳೇ ಎದ್ದು ನಿಂತು ಹೇಳಿದೆ, ಯಾರೂ ಕೇಳಲಿಲ್ಲ.

ಬಾರಕೂರು ಕೋಟೆಬದಿ
ವಯಸ್ಸಾದವರು ಮಳೆಯಲ್ಲಿ ಜಾರಿ ಬೀಳಬಾರದಲ್ವಾ? ವರ್ಷಕ್ಕೊಮ್ಮೆ ತಂಬಿಲದ ಪೂಜೆಗೆ ಎಪ್ಪತ್ತು ಜನ ಸೇರುತ್ತೇವೆ.

ನಾಗಬನದ ಬದಿ
ಬರುವ ದಾರಿಗೆ ಕಲ್ಲು ಹಾಸಿ, ಬೇಡ ಅನ್ನುವುದಿಲ್ಲ. ಮರ ಯಾಕೆ ಕಡಿಯಬೇಕು? ವರ್ಷಕ್ಕೆ ಒಂದು ದಿನ ನಮ್ಮದು. ಉಳಿದ ದಿನ ಅದು ನಾಗನದ್ದು.

ಹಳೇ ಪುಸ್ತಕ
ಪುಸ್ತಕಕ್ಕೆ ವಾಪಸ್ ಬರೋಣ. ಒಂದು ಸಂಕಟ ಹೇಳಿಕೊಳ್ಳುತ್ತೇನೆ. ಎರಡು ವರ್ಷದ ಹಿಂದೆ ನಮ್ಮ ತಾಲೂಕಿನ ಒಂದು ಲೈಬ್ರರಿಯವರು ಜಾಗ ಇಲ್ಲ ಅಂತ ಹಳೇ ಪುಸ್ತಕ ತೂಕಕ್ಕೆ ಹಾಕಿದರು. ನನಗೆ ಗೊತ್ತಾಗಿ ಗುಜರಿ ಅಂಗಡಿಗೆ ಓಡುವ ಹೊತ್ತಿಗೆ ಅರ್ಧ ಲಾರಿ ಹೋಗಿತ್ತು. ಸಿಕ್ಕಿದ ಮೂರು ಗೋಣಿ ಬಿಡಿಸಿ ನೋಡಿದರೆ ಒಂದರಲ್ಲಿ ಐಗಳರ ಹಳೇ ಪ್ರತಿ, ಹೊದಿಕೆ ಇಲ್ಲ, ಮಳೆಗೆ ನೆನೆದು ಅಂಟಿಕೊಂಡಿತ್ತು. ಒಂದೊಂದು ಹಾಳೆ ಬಿಡಿಸಿ ಒಣಗಿಸಲು ಹದಿನೈದು ದಿನ ಬೇಕಾಯಿತು. ಕನ್ನಡದ ಮೊದಲ ಪತ್ರಿಕೆ 1843ರಲ್ಲಿ ಮಂಗಳೂರಿನಲ್ಲಿ ಕಲ್ಲಚ್ಚಿನಲ್ಲಿ ಬಂತು ಅಂತ ಹೆಮ್ಮೆಯಿಂದ ಹೇಳುತ್ತೇವೆ. ಅಚ್ಚಾದದ್ದನ್ನು ಕಾಪಾಡಲು ನಮಗೆ ಬರುವುದಿಲ್ಲ. ಮಂಗಳೂರಿನ ಬಲ್ಮಠದ ಥಿಯಾಲಜಿಕಲ್ ಕಾಲೇಜಿನವರು ಬಾಸೆಲ್ ಮಿಷನ್ ಕಾಗದಗಳನ್ನು ಇಟ್ಟುಕೊಂಡ ಹಾಗೆ ನಮ್ಮ ಪಂಚಾಯತ್ ಲೈಬ್ರರಿಗಳೂ ಒಂದು ಕಪಾಟು ಬೀಗ ಹಾಕಿ ಇಡಬಾರದಾ?

ಗೇಣಿ ಒಕ್ಕಲು
ಬೀಗ ಬೇಡ. ಬೀಗ ಹಾಕಿದ್ದಕ್ಕೇ ಯಾರೂ ಓದಲಿಲ್ಲ. ಸ್ಕ್ಯಾನ್ ಮಾಡಿ ಎಲ್ಲರಿಗೂ ಸಿಗುವ ಹಾಗೆ ಇಡಿ.

ನಿವೃತ್ತ ಮೇಷ್ಟ್ರು
ನನ್ನ ಸಂಚಿಕೆಗಳನ್ನು ಕೊಡುತ್ತೇನೆ. ನನಗೆ ಎಪ್ಪತ್ತೆರಡು. ಮಕ್ಕಳು ಹೊರಗೆ ಇದ್ದಾರೆ. ನನ್ನ ನಂತರ ಅವು ಎಲ್ಲಿಗೆ ಹೋಗುತ್ತವೆ ಅಂತ ನನಗೆ ಗೊತ್ತು. ಯಾರಿಗಾದರೂ ಸ್ಕ್ಯಾನ್ ಮಾಡಲು ಬರುತ್ತದಾ?

ಕಪ್ಪೆ ಹುಡುಗ
ಬರುತ್ತದೆ ಸರ್. ಮೊಬೈಲಿನಲ್ಲೇ ಮಾಡಬಹುದು. ಭಾನುವಾರ ಬರುತ್ತೇನೆ. ನೂರ ಅರವತ್ತು ಅಂದರೆ ಮಳೆಗಾಲ ಪೂರ್ತಿ ಬೇಕು, ಆಗಲಿ.

ಬೆಳ್ಮಣ್ಣು ಬದಿಯವಳು
ಎಲ್ಲ ಓದಿದೆ, ಎರಡೆರಡು ಸಲ. ಹೀಗೆ ಮಾಡುತ್ತೇವೆ. ಐಗಳರ ಪುಸ್ತಕ, ಕಾರಂತರ ‘ಚೋಮನ ದುಡಿ’ಯ ಜೊತೆಗೆ ‘ಬೆಟ್ಟದ ಜೀವ’, ತೇಜಸ್ವಿಯವರ ಹಕ್ಕಿ ಪುಸ್ತಕ, ವಿವೇಕ ರೈಗಳದ್ದು. ನಿಘಂಟಿನ ಬೆಲೆ ವಿಚಾರಿಸುತ್ತೇನೆ. ಮ್ಯಾನುಯಲ್ ನಾನೇ ಮೊಬೈಲಿನಲ್ಲಿ ಓದಲು ಶುರು ಮಾಡಿದ್ದೇನೆ, ನಿಧಾನಕ್ಕೆ.

ಇನ್ನೊಂದು ವಿಷಯ. ಬೈಲು, ಮಜಲು, ಬೆಟ್ಟು ಅಂತ ಓದಿ ನಿನ್ನೆ ಅತ್ತೆಯ ಹತ್ತಿರ ನಮ್ಮ ಗದ್ದೆಗಳ ಹೆಸರು ಕೇಳಿದೆ. ಮಗ ಪುಸ್ತಕ ಹಿಡಿದು ಕೂತ. ಅತ್ತೆ ಬಾಕಿಮಾರಿನಿಂದ ಶುರು ಮಾಡಿ ಹದಿನೇಳು ಹೆಸರು ಹೇಳಿದರು. ಪ್ರತಿ ಗದ್ದೆಗೂ ಒಂದು ಹೆಸರು ಇದೆ ಅಂತ ನನಗೆ ಗೊತ್ತೇ ಇರಲಿಲ್ಲ! ಈಗ ಅದರಲ್ಲಿ ಒಂಬತ್ತು ಅಡಿಕೆ ತೋಟ, ಎರಡರ ಮೇಲೆ ರಸ್ತೆ ಹೋಗಿದೆ. ಒಂದರ ಹೆಸರು ‘ಆನೆ ಬಿದ್ದ ಗುಂಡಿ’. ಆನೆ ಯಾವಾಗ ಬಿತ್ತು ಅಂತ ಮಗ ಕೇಳಿದ. ಅತ್ತೆಗೂ ಗೊತ್ತಿಲ್ಲ. ನಮ್ಮ ಕಡೆ ಆನೆ ಇತ್ತಾ?

ಕುಡ್ಲದ ಓದುಗ
ಆನೆ ಹಿಡಿಯಲು ತೋಡಿದ ಗುಂಡಿ ಇರಬಹುದು. ಗುಂಡಿ ಈಗಲೂ ಇದೆಯಾ?

ಶಾಸನ ಓದುವವನು
ಊಹೆ ಬೇಡ. ಜಾಗ ನೋಡೋಣ. ಅಗಲ, ಆಳ ಅಳತೆ ಮಾಡಿ ಫೋಟೋ ಹಾಕಿ.

ಬೆಳ್ಮಣ್ಣು ಬದಿಯವಳು
ಹದಿನೇಳರಲ್ಲಿ ರಸ್ತೆ ಅಡಿಗೆ ಹೋದ ಎರಡರಲ್ಲಿ ಅದೂ ಒಂದು. ಆದರೆ ಆಚೆ ಮನೆಯ ಅಜ್ಜ ಅದನ್ನು ಉತ್ತವರು, ತೊಂಬತ್ತು ದಾಟಿದೆ. ನಾಳೆ ಶಾಲೆ ಬಿಟ್ಟ ಮೇಲೆ ಮಗನನ್ನು ಕರೆದುಕೊಂಡು ಹೋಗಿ ಕೇಳಿ ಬರೆಯುತ್ತೇನೆ.

ನಿವೃತ್ತ ಮೇಷ್ಟ್ರು
ನಾಳೆಯೇ ಹೋಗಿ. ಅವರ ಹೆಸರನ್ನೂ ಬರೆದುಕೊಳ್ಳಲು ಮಗನಿಗೆ ಹೇಳಿ.